ಹದಿನೇಳು ಆಟ, ಖಾಲಿಯಾದ ಲೈಸೆನ್ಸು

ಏ ಮಾನ್ವಿ ಮಂದಿ, ದೇವದುರ್ಗದವರೂ, ಚಾದ ಕಪ್ಪು ಅಲ್ಲೇ ಇಟ್ಟು ಈಕಡಿ ಕಿವಿ ಕೊಡ್ರಿ. ನಾಹಿದ್‌ದು ಒಂದಿನದ ಕಥಿ ಅದ.

ನಾಹಿದ್ ರಾಯಚೂರಿನಲ್ಲಿ ಕಂಪ್ಯೂಟರ್ ಡಿಪ್ಲೊಮಾ ಮುಗಿಸಿ ಮಾನ್ವಿಗೆ ಮರಳಿದವಳು. ಸೋದರಮಾವ ಜಹೀರನ ಮೊಬೈಲ್ ರಿಪೇರಿ ಅಂಗಡಿಯಲ್ಲೇ ಕೂತು, ಒಂದು ಪೆನ್‌ಡ್ರೈವಿನಲ್ಲಿ ಹದಿನೇಳು ಆಟಗಳನ್ನು ಜೋಡಿಸಿದ್ದಳು. ಚುಚ್ಚಿದರೆ ಸಾಕು, ಪಟ್ಟಿ ತೆರೆಯುತ್ತದೆ. ಕಂಪ್ಯೂಟರಿಗೆ ಬೇರೇನೂ ಹಾಕಬೇಕಿಲ್ಲ. ಪ್ರತಿ ಆಟದ ಪಕ್ಕದಲ್ಲಿ ಅದರ ಲೈಸೆನ್ಸು, ಅಂದರೆ ಆಟ ಮಾಡಿದವರು ಅದನ್ನು ಯಾರಿಗೆ, ಹೇಗೆ ಆಡಲು ಬಿಟ್ಟಿದ್ದಾರೆ ಎಂಬ ಬರಹ. ದೇವದುರ್ಗದ ಮಕ್ಕಳ ಗ್ರಂಥಾಲಯ ನೋಡಿಕೊಳ್ಳುವ ಸೌಭಾಗ್ಯ, ಅಲ್ಲಿನ ಎಂಟು ಕಂಪ್ಯೂಟರುಗಳಿಗೆ ಆಟ ಹಾಕಲು ಒಂದೇ ಷರತ್ತು ಹಾಕಿದ್ದರು: ಕದ್ದ ಆಟ ಒಂದೂ ಇರಬಾರದು. ಅವರು ಒಪ್ಪಿದರೆ ನಾಹಿದಳ ಕೆಲಸ ಮೊದಲ ಸಲ ಅಂಗಡಿಯ ಹೊಸ್ತಿಲು ದಾಟುತ್ತಿತ್ತು.

ಸಿರವಾರದ ಮೇಲೆ ಹಾಯ್ದು ಬಸ್ಸಿನಲ್ಲಿ ಗ್ರಂಥಾಲಯಕ್ಕೆ ಬಂದವಳು ಎದೆಯುಬ್ಬಿಸಿ ಡ್ರೈವ್ ಚುಚ್ಚಿದಳು. ಆಟಗಳು ಹದಿನೇಳೂ ಇದ್ದವು. ಲೈಸೆನ್ಸಿನ ಜಾಗವೆಲ್ಲ ಖಾಲಿ.

ಜಹೀರನಿಗೆ ಫೋನ್ ಹಚ್ಚಿ, ಸೌಭಾಗ್ಯರಿಗೂ ತಿಳಿಯಲೆಂದು ಸ್ಪೀಕರ್ ಹಾಕಿ ಕನ್ನಡದಲ್ಲೇ ಕೇಳಿದಳು: "ಮಾಮೂ, ಡ್ರೈವ್‌ನ್ಯಾಗಿನ ಫೈಲ್ ಏನ್ ಮಾಡಿದ್ರಿ?"

"ಕಸ ತಗದೀನವಾ. ಬರೇ ಇಂಗ್ಲಿಷ್ ಬರದದ್ದು ತುಂಬಿತ್ತು. ಗಿರಾಕಿ ಕೈಗೆ ಸ್ವಚ್ಛ ಮಾಡೇ ಕೊಡೂದು ನಮ್ಮ ಅಂಗಡಿ ರಿವಾಜು."

"ರಿವಾಜು ಛಲೋ ಅದ. ನನ್ನ ಡ್ರೈವ್ ಇನ್ನ ಮ್ಯಾಲ ಹೊಲಸೇ ಇರ್ಲಿ ಬಿಡ್ರಿ."

ಸೌಭಾಗ್ಯ ನಕ್ಕರು, ಷರತ್ತು ಮಾತ್ರ ಬಿಡಲಿಲ್ಲ. "ಲೈಸೆನ್ಸ್ ಕಾಣಲಿಲ್ಲಂದ್ರ ನಾ ಹಚ್ಚಂಗಿಲ್ಲ ನೋಡವಾ."

"ಸಂಜಿತನಾ ಕುಂದ್ರಾಕ ಒಂದು ಕುರ್ಚಿ ಕೊಡ್ರಿ ಅಕ್ಕಾ. ಎಲ್ಲಾ ಹೊಳ್ಳಿ ತರ್ತೀನಿ."

ಇಂಟರ್ನೆಟ್ಟಿನಲ್ಲಿ ಆಟ ಮಾಡಿದವರ ಪುಟಗಳಿಗೆ ಹೋಗಿ ಲೈಸೆನ್ಸುಗಳನ್ನು ಒಂದೊಂದಾಗಿ ಇಳಿಸಿಕೊಂಡಳು. ಈ ಸಲ ಕಡೆಯ ಸಾಲಿನವರೆಗೂ ಓದಿದಳು. ಹದಿನಾಲ್ಕನೆಯದು ಗಾಳಿಪಟದ ಆಟ. ಗ್ರಂಥಾಲಯಕ್ಕೆ ಬಂದಿದ್ದ ಹುಡುಗಿಯರು ಆಗಲೇ ಅದಕ್ಕೇ ಗಂಟುಬಿದ್ದಿದ್ದರು. ಅದರ ಕಡೆಯ ಸಾಲಿನಲ್ಲಿ, ಮನೆಯಲ್ಲಿ ಆಡಲು ಉಚಿತ, ಸಾರ್ವಜನಿಕ ಜಾಗಕ್ಕೆ ಅಪ್ಪಣೆ ಬೇಕು ಎಂದಿತ್ತು. ಮೊದಲು ಮೇಲಿನ ಎರಡು ಸಾಲು ಓದಿ ಮುಂದೆ ಹಾರಿದ್ದು ನೆನಪಾಯಿತು. ಸೌಭಾಗ್ಯ ಆಚೆ ಪುಸ್ತಕ ಜೋಡಿಸುತ್ತಿದ್ದರು, ನೋಡಿರಲಿಲ್ಲ.

"ಅಕ್ಕಾ, ಇದೊಂದು ತಗೀತೀನ್ರಿ, ಇಲ್ಲಿ ಆಡಾಕ ಅಪ್ಪಣೆ ಬೇಕಂತ. ಇದು ನನ್ನ ತಪ್ಪು, ಮಾಮುಂದಲ್ಲ."

"ಹುಡಿಗ್ಯಾರಿಗೆ ಅದೇ ಬೇಕಾಗ್ಯದಲ್ಲ."

"ಅದಕ್ಕ ಮಾಡಿದವರನ್ನ ಕೇಳಿ ತರ್ತೀನಿ. ಇವತ್ತ ಹದಿನಾರು ಇಟ್ಕೊಳ್ರಿ."

ಸೌಭಾಗ್ಯ ಕೈಯಲ್ಲಿದ್ದ ಪುಸ್ತಕ ಕೆಳಗಿಟ್ಟರು. "ನಾ ಕೇಳೂಕಿಂತ ಮೊದ್ಲ ತಗದಿ. ಉಳದವನ್ನ ನಾ ತಪಾಸ ಮಾಡಂಗಿಲ್ಲ. ಎಂಟೂ ಕಂಪ್ಯೂಟರಿಗೆ ಹಚ್ಚು."

ಮಾನ್ವಿ ಬಸ್ಸಿನಲ್ಲಿ ಕಿಟಕಿಯ ಸೀಟು ಹಿಡಿದ ನಾಹಿದ್, ಗಾಳಿಪಟದ ಆಟ ಮಾಡಿದವರಿಗೆ ಮೇಲ್ ಬರೆದಳು: ದೇವದುರ್ಗದ ಎಂಟು ಕಂಪ್ಯೂಟರುಗಳಲ್ಲಿ ಮಕ್ಕಳು ನಿಮ್ಮ ಆಟ ಆಡಬಹುದೇ? ಕೆಳಗೆ ತನ್ನ ಹೆಸರು, ಊರು ಹಾಕಿ ಕಳುಹಿಸಿದಳು.