ರೆಫರಿ ದುಫಿಯೆ

ಕುಮಾಸಿ ನಗರದ ತಾಫೋ ಬಡಾವಣೆಯಲ್ಲಿ ಯಾರೇ ಸತ್ತರೂ ಅವರ ಮುಖಕ್ಕೆ ಕೊನೆಯ ಸಲ ಕೈಯಾಡಿಸುವವನು ಕ್ವಾಕು ಸರ್ಪೋಂಗ್. ಹಾಗೆಂದು ಅವನೇನು ಶವಾಗಾರದ ಕೆಲಸದವನಲ್ಲ. ಅಂಪೊಫೊ ಎಂಬವನ ಫ್ಲೆಕ್ಸ್ ಅಂಗಡಿಯಲ್ಲಿ ಕಂಪ್ಯೂಟರಿನ ಮುಂದೆ ಕುಳಿತು, ಮನೆಯವರು ತಂದುಕೊಟ್ಟ ಮಾಸಲು ಫೋಟೊದಿಂದ ಬೆವರು, ಕಲೆ, ಹೆಗಲ ಮೇಲಿನ ಯಾರದೋ ಕೈ, ಎಲ್ಲವನ್ನೂ ಅಳಿಸಿ ಸಾವಿನ ಪೋಸ್ಟರ್ ಮಾಡಿಕೊಡುತ್ತಾನೆ. ವಯಸ್ಸಾಗಿ ಹೋದವರಿಗೆ ‘ದೇವರ ಮನೆಗೆ ಕರೆ’ ಎಂಬ ತಲೆಬರಹ, ಅಕಾಲದಲ್ಲಿ ಹೋದವರಿಗೆ ‘ಎಂಥ ಆಘಾತ’. ಎಂಟು ವರ್ಷಗಳಲ್ಲಿ ತಾಫೋದ ಗೋಡೆಗಳ ಮೇಲೆ ಅವನ ಕೈ ದಾಟಿ ಬಂದ ಮುಖಗಳು ನಾನೂರಕ್ಕೂ ಹೆಚ್ಚು. ಬಣ್ಣ ಹಾರಿದರೂ ಅವನ್ನು ಯಾರೂ ಕಿತ್ತುಹಾಕುವುದಿಲ್ಲ, ಮಳೆಯೇ ಕೀಳಬೇಕು.

ಸತ್ತವರನ್ನು ಅಷ್ಟು ತಿದ್ದಿದ ಮನುಷ್ಯನಿಗೆ ಬದುಕಿದ್ದವರನ್ನೂ ತಿದ್ದುವ ಚಪಲ ಹತ್ತಿತು. ಬೀದಿಯ ಗಂಡಸರೆಲ್ಲ ಫೋನಿನಲ್ಲಿ ಆಡುತ್ತಿದ್ದ ಒಂದು ಫುಟ್‌ಬಾಲ್ ಆಟವಿತ್ತು. ಅದರೊಳಗೆ ಯುರೋಪಿನ ಮೈದಾನಗಳು, ಯುರೋಪಿನ ಮುಖಗಳು. ಸರ್ಪೋಂಗ್ ಆ ಆಟದ ಹೊಟ್ಟೆ ಬಗೆದು, ಹಸಿರು ಹುಲ್ಲನ್ನು ತೆಗೆದು ತಾಫೋ ಮೈದಾನದ ಕೆಂಪು ಧೂಳು ಹಾಸಿದ. ಗೋಲ್‌ಕೀಪರನ ಜಾಗಕ್ಕೆ ಟೈರ್ ಅಂಗಡಿಯವನನ್ನೂ ಮುಂದಿನ ಸಾಲಿಗೆ ಕ್ಷೌರಿಕ ಯಿಯಾದೊಮನನ್ನೂ ತಂದು ನಿಲ್ಲಿಸಿದ. ಇದನ್ನೆಲ್ಲ ಮಾಡುತ್ತಿದ್ದುದು ಅಂಗಡಿಯ ಕಂಪ್ಯೂಟರಿನಲ್ಲೇ. ಅದರಲ್ಲಿ ಎಮ್ಯುಲೇಟರ್ ಎಂಬುದೊಂದನ್ನು ಹಾಕಿಕೊಂಡಿದ್ದ. ಅದು ಕಂಪ್ಯೂಟರಿನೊಳಗೇ ಒಂದು ಸುಳ್ಳು ಫೋನನ್ನು ಎಬ್ಬಿಸಿ ನಿಲ್ಲಿಸುತ್ತದೆ. ತಿದ್ದಿದ್ದು ಕೆಟ್ಟರೆ ಸಾಯುವುದು ಆ ಸುಳ್ಳು ಫೋನು, ನಿಜದ್ದಲ್ಲ. ಅಂಪೊಫೊ ಮಧ್ಯಾಹ್ನ ಮನೆಗೆ ಹೋಗಿ ಫುಫು ಮುದ್ದೆ ಉಂಡು ಒಂದು ನಿದ್ದೆ ತೆಗೆದು ಬರುವ ಎರಡು ಗಂಟೆಯೇ ಇವನ ಮೈದಾನ. “ಕೆಲಸದ ಮಿಷನ್ ಮೇಲೆ ಆಟಗೀಟ ಕಂಡ್ರೆ ಅವತ್ತೇ ನಿನ್ನ ಕೊನೆ ದಿನ” ಎಂದು ಅಂಪೊಫೊ ಸೇರಿಸಿಕೊಂಡ ದಿನವೇ ಹೇಳಿದ್ದ. ಇವನು ಮನೆಯಲ್ಲಿ ಯಾರದೋ ಲ್ಯಾಪ್‌ಟಾಪಿನಲ್ಲಿ ಆಟ ತಿದ್ದುತ್ತಾನೆಂದೇ ಆ ಪುಣ್ಯಾತ್ಮ ನಂಬಿದ್ದ.

ಅಪಾಯವಿಲ್ಲದ ಕೆಲಸವೇನಲ್ಲ ಅದು. ಬೇರೆಯವರು ಕಟ್ಟಿದ ಆಟವನ್ನು ಕೇಳದೆ ಬಿಚ್ಚುವುದು, ಕಳ್ಳತನವೆಂದರೆ ಕಳ್ಳತನವೇ. ಒಮ್ಮೆ ಯಿಯಾದೊಮ್ ಸರ್ಪೋಂಗ್ ಕೊಟ್ಟ ಆಟವನ್ನು ಹಾಕಿಕೊಂಡು ಆನ್‌ಲೈನಿಗೆ ಹೋಗಿ ಊರೂರವರ ಜೊತೆ ಪಂದ್ಯವಾಡಿದ. ಮರುದಿನ ಬೆಳಿಗ್ಗೆ ಅವನ ಖಾತೆಗೆ ಶಾಶ್ವತ ಬೀಗ ಬಿದ್ದಿತ್ತು. ನಾಲ್ಕು ವರ್ಷ ಕಟ್ಟಿದ ತಂಡ ಒಂದೇ ರಾತ್ರಿಗೆ ಮಾಯ. ಅಂದಿನಿಂದ ಸರ್ಪೋಂಗ್ ಕ್ಷೌರಕ್ಕೆ ಕುಳಿತಾಗಲೆಲ್ಲ ಯಿಯಾದೊಮ್ ಕತ್ತಿಯನ್ನು ಅವನ ಕುತ್ತಿಗೆಯ ಮೇಲೆ ಒಂದು ಗಳಿಗೆ ಹೆಚ್ಚೇ ನಿಲ್ಲಿಸುತ್ತಿದ್ದ.

ಮೈದಾನದ ಅಂಚಿನಲ್ಲಿ, ಊರಿಗೆಲ್ಲ ‘ಮಾಮೆ’, ಅಂದರೆ ಅಮ್ಮನಾದ ದುಫಿಯೆ ಗಂಜಿ ಮಾರುತ್ತಾ ಕೂರುತ್ತಿದ್ದಳು. ಸಜ್ಜೆಯ ಖಾರದ ಗಂಜಿ, ಬಿಸಿ ಬಿಸಿ ಅಲಸಂದೆ ವಡೆ. ಮೂವತ್ತು ವರ್ಷದಿಂದ ಅದೇ ಜಾಗ, ಅದೇ ಮೊಳೆ ಹೊಡೆದ ಬೆಂಚು. ಅವಳಿಗೆ ಫೋಟೊ ಎಂದರೆ ಆಗದು. ಯಾರಾದರೂ ಫೋನ್ ಎತ್ತಿದರೆ ಸಾಕು, ಸೋರೆಬುರುಡೆಯ ಸೌಟನ್ನು ಮುಖಕ್ಕೆ ಅಡ್ಡ ಹಿಡಿಯುತ್ತಿದ್ದಳು. ಮಗಳು ಕೊನಾದುವಿನ ಫೋನಿನಲ್ಲಿ ಅಮ್ಮನ ಫೋಟೊ ನಲವತ್ತಿದ್ದವು, ನಲವತ್ತರಲ್ಲೂ ಸೌಟು.

ಅಂಥವಳು ಒಂದು ದಿನ ತಾನಾಗಿ ಸರ್ಪೋಂಗ್‌ನನ್ನು ಕರೆದಳು. “ಏನೋ, ಎಲ್ಲರನ್ನೂ ಫೋನೊಳಗೆ ತುರುಕಿದ್ದೀಯಂತೆ. ನಾನೇನು ಸತ್ತಿದ್ದೀನಾ?”

“ನೀವು ಯಾವ ಜಾಗದಲ್ಲಿ ಆಡ್ತೀರ ಮಾಮೆ?”

“ಆಡೋದ್ಯಾಕೆ? ರೆಫರಿ ಮಾಡು. ಈ ಕತ್ತೆಗಳು ನನ್ನ ಬಿಟ್ಟು ಇನ್ಯಾರ ಮಾತು ಕೇಳ್ತಾವೆ?”

ಮುಖ ಕೂಡಿಸಲು ಎದುರಿನಿಂದ ಒಂದು, ಎಡಬಲದಿಂದ ಒಂದೊಂದು ಫೋಟೊ ಬೇಕು. ಸೌಟನ್ನು ಕೊನಾದು ಕಿತ್ತುಕೊಂಡಳು. “ರೆಫರಿ ನಗಬಾರದು ಮಾಮೆ, ಮುಖ ಗಂಟಿಕ್ಕಿ” ಎಂದ ಸರ್ಪೋಂಗ್. ಅಷ್ಟು ಹೇಳಿದ್ದೇ ತಡ, ದುಫಿಯೆ ಮುಂದಿನ ಹಲ್ಲುಗಳ ನಡುವಿನ ಸಂದು ಕಾಣುವಂತೆ ನಕ್ಕುಬಿಟ್ಟಳು. ಫೋಟೊ ಬಂದದ್ದು ಹಾಗೆ.

ಎಂಟು ತಿಂಗಳ ನಂತರ, ಎಪ್ಪತ್ತೊಂದನೆಯ ವಯಸ್ಸಿನಲ್ಲಿ, ದುಫಿಯೆ ವಡೆಯ ಹಿಟ್ಟು ರುಬ್ಬುತ್ತಾ ರುಬ್ಬುತ್ತಾ ಪಕ್ಕಕ್ಕೆ ವಾಲಿ ತೀರಿಕೊಂಡಳು.

ಮತದಾರರ ಚೀಟಿಯಲ್ಲಿ ಅವಳದೊಂದು ಫೋಟೊ ಇತ್ತು. ಕಣ್ಣು ಅರ್ಧ ಮುಚ್ಚಿ, ಪೊಲೀಸರ ಕೈಗೆ ಸಿಕ್ಕಿಬಿದ್ದವಳ ಹಾಗೆ. ಕೊನಾದು ಅದನ್ನು ಅಂಗಡಿಗೆ ತರಲೇ ಇಲ್ಲ. “ನಿನ್ನ ಹತ್ರ ಅಮ್ಮ ನಗೋದಿದೆಯಲ್ಲ, ಅದನ್ನೇ ಹಾಕು. ಈ ಶನಿವಾರ ಅಲ್ಲ, ಆಚೆ ಶನಿವಾರ ಅಂತ್ಯಕ್ರಿಯೆ. ಈ ಶುಕ್ರವಾರದೊಳಗೆ ಮನೆ ಮುಂದೆ ಫ್ಲೆಕ್ಸ್ ಕಟ್ಟಬೇಕು” ಎಂದಳು. ಮೂರೂ ಫೋಟೊಗಳು ಅಂಗಡಿಯ ಕಂಪ್ಯೂಟರಿನಲ್ಲೇ ಇದ್ದವು. ಫೋನಿನಲ್ಲಿ ಜಾಗ ಸಾಲದೆಂದು ಸರ್ಪೋಂಗ್ ಅಲ್ಲಿಂದ ಯಾವಾಗಲೋ ಅಳಿಸಿದ್ದ. “ಮಾಡ್ತೀನಿ ಬಿಡು” ಎಂದ.

ಆ ವಾರವೇ ಆಟದ ಹೊಸ ಆವೃತ್ತಿ ಬಂದಿತ್ತು. ಹಾಕಿಕೊಂಡವರ ಫೋನಿನಿಂದ ತಾಫೋ ಮೈದಾನ ಅಳಿಸಿಹೋಗಿ ಮತ್ತೆ ಯುರೋಪಿನ ಹುಲ್ಲು ಬೆಳೆದಿತ್ತು. ಹೊಸದಕ್ಕೆ ಗಟ್ಟಿ ಬೀಗ ಬೇರೆ. ಮಂಗಳವಾರ ಮಧ್ಯಾಹ್ನ, ಆಟ ತಿದ್ದುವವರ ಗುಂಪಿನಲ್ಲಿ ಯಾರೋ ಅಪರಿಚಿತ ಆ ಬೀಗ ತೆರೆಯುವ ಸಾಧನವೊಂದನ್ನು ಹಾಕಿದ. ಕೆಳಗೊಂದು ಸಾಲು: ಮೊದಲು ಆಂಟಿವೈರಸ್ ಆಫ್ ಮಾಡಿ. ಇನ್ನೊಬ್ಬನಾಗಿದ್ದರೆ ಅಲ್ಲೇ ಅನುಮಾನಪಡುತ್ತಿದ್ದ. ಆದರೆ ಈ ಕಸುಬಿನವರಿಗೆ ಆ ಸಾಲು ದಿನದ ಊಟ. ಸರ್ಪೋಂಗ್ ತಾನೇ ಕೂತು ಮಾಡಿದ ಫೈಲನ್ನು ಕಂಡರೂ ಅವನ ಆಂಟಿವೈರಸ್ ಬೊಗಳುತ್ತಿತ್ತು. ಮನೆಯವರನ್ನೇ ಕಂಡು ಬೊಗಳುವ ನಾಯಿಯ ಮಾತನ್ನು ಯಾರು ಕೇಳುತ್ತಾರೆ? ಆಫ್ ಮಾಡಿದ.

ಹತ್ತು ನಿಮಿಷದಲ್ಲಿ ಎಲ್ಲ ಮುಗಿಯಿತು. ಒಂದೊಂದೇ ಫೈಲಿನ ಹೆಸರು ಬದಲಾಗುತ್ತಾ ಹೋಯಿತು. ಕಂಪ್ಯೂಟರಿಗೆ ಸಿಕ್ಕಿಸಿಟ್ಟಿದ್ದ, ಎಲ್ಲದರ ನಕಲು ಇದ್ದ ಡಿಸ್ಕೂ ಹೋಯಿತು. ಎಂಟು ವರ್ಷದ ನಾನೂರು ಮುಖಗಳು, ಅವುಗಳ ಜೊತೆ ದುಫಿಯೆಯ ನಗು, ಯಾವುದೂ ತೆರೆಯದು. ಪರದೆಯ ಮೇಲೆ ಯಾವನೋ, ತಾನೇ ಬೀಗ ಹಾಕಿದ ಫೈಲುಗಳ ಬಿಡುಗಡೆಗೆ ಹಣ ಕೇಳುತ್ತಿದ್ದ. ಸರ್ಪೋಂಗ್ ಗೋಡೆಯ ಸ್ವಿಚ್ಚನ್ನು ಒತ್ತಿ ಎಲ್ಲ ಆರಿಸಿದ.

ಅಂಪೊಫೊ ಹಲ್ಲು ಚುಚ್ಚಿಕೊಳ್ಳುತ್ತಾ ಬಂದಾಗ ಬಾಯಿಗೆ ಬಂದದ್ದು ಎಲ್ಲರ ಬಾಯಿಗೂ ಬರುವ ಮಾತೇ. “ಬಾಸ್, ಲೈಟ್ ಹೋಗಿ ಬಂತು. ಡಿಸ್ಕ್ ಸತ್ತೋಯ್ತು.”

ತಾಫೋದಲ್ಲಿ ಕರೆಂಟಿನ ಮೇಲೆ ಹೇಳಿದ ಸುಳ್ಳನ್ನು ಯಾರೂ ಅನುಮಾನಿಸುವುದಿಲ್ಲ. ಅಂಪೊಫೊ ನೆಟ್ಟಗೆ ವಿದ್ಯುತ್ ಕಚೇರಿಗೆ ಹೋಗಿ, ಕಿಟಕಿಯಲ್ಲಿ ಕುಳಿತಿದ್ದ ಹೆಂಗಸನ್ನು ಬಾಯಿಗೆ ಬಂದಂತೆ ಬೈದು, ಕಾವಲುಗಾರನಿಂದ ಹೊರಗೆ ದಬ್ಬಿಸಿಕೊಂಡು ಬಂದ. ಮರುದಿನ ಯಾರನ್ನೋ ಕರೆಸಿ ಕಂಪ್ಯೂಟರನ್ನು ಪೂರ್ತಿ ತೊಳೆಸಿದ. “ಇನ್ನು ಇದರೊಳಗೆ ಪೋಸ್ಟರ್ ಬಿಟ್ಟು ಒಂದು ಇರುವೆನೂ ಹೋಗಬಾರದು” ಎಂದು ಸರ್ಪೋಂಗ್‌ನ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ಕುಳಿತ.

ಕೊನಾದು ಅಳಲಿಲ್ಲ. “ಹೋಗ್ಲಿ ಬಿಡು, ನೀನೇನ್ ಮಾಡ್ತೀಯ, ಕರೆಂಟ್ ಮಾಡಿದ್ದಕ್ಕೆ. ಚೀಟಿ ಫೋಟೊನೇ ಹಾಕೋಣ” ಎಂದಳು. ಅವನು ಉಪವಾಸ ಕುಳಿತಿದ್ದಾನೆಂದು ಯಾರೋ ಹೇಳಿದ್ದಕ್ಕೆ, ಅಮ್ಮನ ಪಾತ್ರೆಯಲ್ಲೇ ಗಂಜಿ ಕಾಯಿಸಿ ಎರಡು ದಿನವೂ ತಂದುಕೊಟ್ಟಳು. ಅವನು ಕುಡಿದ. ಬೈದಿದ್ದರೆ ಎಷ್ಟೋ ವಾಸಿಯಾಗಿತ್ತು.

ಗುರುವಾರ ಬೆಳಿಗ್ಗೆ ಕ್ಷೌರದಂಗಡಿಯ ಮುಂದೆ ಹಾಯುವಾಗ ಅವನ ಕಾಲು ತಾನಾಗಿ ನಿಂತಿತು. ಗಿರಾಕಿ ಇಲ್ಲದ ಯಿಯಾದೊಮ್ ಬೆಂಚಿನಲ್ಲಿ ಕುಳಿತು ಫೋನಿನಲ್ಲಿ ಆಡುತ್ತಿದ್ದ. ಪರದೆಯ ಮೇಲೆ ಕೆಂಪು ಧೂಳು. ಧೂಳಿನ ನಡುವೆ ಸೀಟಿ ಕಚ್ಚಿಕೊಂಡು ಒಬ್ಬಳು ದಪ್ಪ ರೆಫರಿ ಓಡುತ್ತಿದ್ದಳು.

“ನೀನು ಹೊಸದು ಹಾಕ್ಕೊಂಡಿಲ್ವಾ?”

“ಯಾಕೆ ಹಾಕ್ಕೊಳ್ಳಿ ಮಾರಾಯ? ನಿನ್ನ ದಯೆಯಿಂದ ನನಗೆ ಆನ್‌ಲೈನ್ ಬಾಗಿಲೇ ಮುಚ್ಚಿದೆ. ಮಿಷನ್ ಜೊತೆ ಒಬ್ಬನೇ ಆಡ್ಕೊಂಡು ಬಿದ್ದಿದ್ದೀನಿ. ಹಳೇದೇ ಸಾಕು.”

ಸರ್ಪೋಂಗ್ ಅಲ್ಲೇ ಕುಕ್ಕರಗಾಲಲ್ಲಿ ಕುಳಿತುಬಿಟ್ಟ. ದುಫಿಯೆಯ ಮುಖ ಆ ಫೋನಿನಲ್ಲಿತ್ತು, ಬಹುಶಃ ಅದೊಂದರಲ್ಲೇ. ಅದನ್ನು ಹೊರಗೆ ತೆಗೆಯಲು ಎಮ್ಯುಲೇಟರ್ ಬೇಕು, ಕಂಪ್ಯೂಟರ್ ಬೇಕು, ಅದರ ಪಕ್ಕದ ಕುರ್ಚಿಯಲ್ಲಿ ಅಂಪೊಫೊ ಇದ್ದಾನೆ. ಸುಮ್ಮನೆ ನಡೆದುಹೋದರೆ ಯಾರಿಗೂ ಏನೂ ತಿಳಿಯದು. ಕೆಲಸ ಉಳಿಯುತ್ತದೆ, ಸಿಕ್ಕಿಬಿದ್ದ ಕಳ್ಳಿಯ ಮುಖದಲ್ಲಿ ದುಫಿಯೆ ಮಣ್ಣಿಗೆ ಹೋಗುತ್ತಾಳೆ, ಅಷ್ಟೇ. ಅವನು ಎರಡು ಸಲ ಎದ್ದು ಎರಡು ಸಲ ಕುಳಿತ.

“ಫೋನ್ ಕೊಡು” ಎಂದ ಕೊನೆಗೆ.

“ಮತ್ತೆ ಏನನ್ನ ಹಾಳು ಮಾಡೋಕೆ?”

“ಮಾಮೆ ದುಫಿಯೆ ಬೇಕು.”

ಯಿಯಾದೊಮ್ ಅವನ ಮುಖ ನೋಡಿದ. ಫೋನಿನ ಜೊತೆ ಚಾರ್ಜರನ್ನೂ ಕೊಟ್ಟ.

ಅಂಗಡಿಯಲ್ಲಿ ಕೊನಾದು ಆಗಲೇ ಗಂಜಿಯೊಂದಿಗೆ ಬಂದಿದ್ದಳು. ಒಬ್ಬರಿಗೆ ಹೇಳುವುದೆಂದುಕೊಂಡಿದ್ದ, ಇಬ್ಬರಿಗೆ ಹೇಳಬೇಕಾಯಿತು. ಸರ್ಪೋಂಗ್ ನಿಂತೇ ಹೇಳಿದ: ಲೈಟ್ ಹೋಗಿರಲಿಲ್ಲ, ಆಟ ತಿದ್ದುತ್ತಿದ್ದೆ, ಮೊದಲಿನಿಂದಲೂ ಇಲ್ಲೇ ತಿದ್ದುತ್ತಿದ್ದೆ, ಆಂಟಿವೈರಸ್ಸನ್ನು ನನ್ನ ಕೈಯಾರೆ ಆಫ್ ಮಾಡಿದೆ.

ಅಂಪೊಫೊ ಕೇಳಿದ್ದು ಒಂದೇ. “ಆ ಕಚೇರಿಯ ಹೆಂಗಸು?”

“ಅವಳದ್ದೇನೂ ತಪ್ಪಿಲ್ಲ ಬಾಸ್.”

“ಅವಳಿಗೆ ನಾನು ಏನೇನ್ ಅಂದೆ ಗೊತ್ತಾ ನಿನಗೆ?”

ಕೊನಾದು ಗಂಜಿಯ ಪಾತ್ರೆಯನ್ನು ಅವನ ಮುಂದಿನಿಂದ ಎತ್ತಿಕೊಂಡಳು. “ಎರಡು ದಿನ ಕುಡಿದ್ಯಲ್ಲೋ, ನನ್ನ ಕೈಯಿಂದ. ಅಮ್ಮನ ಪಾತ್ರೇಲಿ. ಗಂಟಲಲ್ಲಿ ಇಳೀತಾ?”

ಹೊರಗೆ ಹೋಗಲು ಬಾಗಿಲವರೆಗೆ ನಡೆದವಳು ತಿರುಗಿ ಬಂದು ಕುರ್ಚಿ ಎಳೆದುಕೊಂಡಳು. “ತೆಗಿ. ಅಮ್ಮನ್ನ ಹೊರಗೆ ತೆಗಿ. ಆಮೇಲೆ ಮಾತು.”

ಅಂಪೊಫೊ ಕಂಪ್ಯೂಟರಿನ ಗುಪ್ತಪದವನ್ನು ತಾನೇ ಒತ್ತಿದ. “ಆಂಟಿವೈರಸ್ ಆನ್ ಆಗೇ ಇರ್ಬೇಕು. ಎಷ್ಟಾದ್ರೂ ಬೊಗಳಲಿ” ಎಂದ.

ಹಳೆಯ ಆವೃತ್ತಿಗೆ ಗಟ್ಟಿ ಬೀಗವಿರಲಿಲ್ಲ. ಮಧ್ಯಾಹ್ನದ ಹೊತ್ತಿಗೆ ದುಫಿಯೆಯ ಮುಖ ಹೊರಬಂತು. ಆದರೆ ಆಟದೊಳಗೆ ಮುಖವೆಂದರೆ ಬಿಚ್ಚಿ ಹರವಿದ ಚರ್ಮ: ಕಿವಿಗಳು ಎರಡು ತುದಿಗೆ, ಕೆನ್ನೆ ಚಪಾತಿಯಷ್ಟು ಅಗಲ, ಬಾಯಿ ಅಡ್ಡಕ್ಕೆ ಎಳೆದಂತೆ. ಕೊನಾದು ಚೀರಿದಳು. “ಅಯ್ಯೋ, ಏನ್ ಮಾಡಿಟ್ಟಿದ್ದೀಯ ನಮ್ಮಮ್ಮನ್ನ!”

“ತಾಳು. ಮಡಚಬೇಕು.”

ಸುಳ್ಳು ಫೋನಿನೊಳಗೆ ಆಟ ಎದ್ದಿತು. ಅವನು ಪಂದ್ಯವನ್ನು ನಿಲ್ಲಿಸಿ, ರೆಫರಿಯನ್ನು ಮೆಲ್ಲಗೆ ಇತ್ತ ತಿರುಗಿಸಿದ. ಹರವಿದ ಚರ್ಮ ಸುತ್ತಿಕೊಂಡು ಕೆನ್ನೆಯಾಯಿತು, ಕಿವಿ ಕಿವಿಯ ಜಾಗಕ್ಕೆ ಬಂತು. ಅಲ್ಲಿಂದ ಅವನು ಎಂಟು ವರ್ಷ ಕಲಿತದ್ದನ್ನೆಲ್ಲ ಸುರಿದ. ಸೀಟಿಯನ್ನು ಅಳಿಸಿದ, ಅಂಗಿಯ ಕಾಲರಿನ ಮೇಲೆ ಕಪ್ಪು ಬಿಳುಪು ಬಟ್ಟೆ ಹೊದಿಸಿದ. ಸುಕ್ಕುಗಳನ್ನು ಮಾತ್ರ ಮುಟ್ಟಲಿಲ್ಲ. ಸಂಜೆಗೆ ಹಲ್ಲಿನ ಸಂದು ಕಂಡಾಗ ಕೊನಾದು ಮೊದಲ ಸಲ ಅತ್ತಳು, ಬಿಕ್ಕಿ ಬಿಕ್ಕಿ, ಅಂಪೊಫೊನ ಕರವಸ್ತ್ರ ಇಸಿದುಕೊಂಡು.

ಒಂದೇ ತೊಂದರೆ. ಚಿತ್ರ ಅಂಗೈಯಷ್ಟಿದ್ದರೆ ಮುಖ, ಅದಕ್ಕಿಂತ ಹಿಗ್ಗಿಸಿದರೆ ಬರೀ ಚೌಕಗಳು.

ಶುಕ್ರವಾರ ಬೆಳಿಗ್ಗೆ ದುಫಿಯೆಯ ಅಣ್ಣ, ಕುಲದ ಹಿರಿಯ ದಾನ್ಸೊ, ಊರುಗೋಲು ಕುಟ್ಟುತ್ತಾ ಬಂದ. “ನಮ್ಮ ಮನೆತನಕ್ಕೆ ಇಷ್ಟು ಚಿಕ್ಕ ಫೋಟೊನಾ? ಎದುರು ಮನೆಯವರು ಬಾಗಿಲಿನಷ್ಟು ದೊಡ್ಡ ಮುಖ ಹಾಕಿದ್ರು. ಚೀಟಿದೇ ದೊಡ್ಡದಾಗಿ ಹಾಕಿ.”

“ಬೇಡ ಮಾವ, ಒಂದ್ಸಲ ನೋಡು” ಎಂದು ಕೊನಾದು ಕಾಗದವನ್ನು ಅವನ ಕೈಗಿಟ್ಟಳು.

ಅವನು ಕನ್ನಡಕ ಹಾಕಿಕೊಂಡು ಕಾಗದವನ್ನು ಮೂಗಿನ ಹತ್ತಿರ ತಂದ. “ಯಾರನ್ನ ನೋಡಿ ನಗ್ತಿದ್ದಾಳೆ ಇವಳು?”

“ನನ್ನನ್ನ” ಎಂದ ಸರ್ಪೋಂಗ್. “ನಗಬೇಡಿ ಅಂದಿದ್ದೆ.”

ದಾನ್ಸೊ ಕಾಗದದ ಅಂಚನ್ನು ಸವರಿದ. “ಚಿಕ್ಕೋಳಿದ್ದಾಗ್ಲೂ ಹಂಗೇ. ಚರ್ಚಲ್ಲಿ ನಗಬೇಡ ಕಣೇ ಅಂದ್ರೆ ಸಾಕು, ಇಬ್ಬರಿಗೂ ಏಟು ಬೀಳೋದು.” ಕನ್ನಡಕ ತೆಗೆದು ಒರೆಸಿಕೊಂಡ. “ಫ್ಲೆಕ್ಸ್ ಬಾಗಿಲಿನಷ್ಟೇ ಇರ್ಲಿ. ಮುಖ ಇಷ್ಟೇ ಇರ್ಲಿ. ನೋಡೋರು ಹತ್ರ ಬರ್ಲಿ.”

ಹಾಗೇ ಆಯಿತು. ಬಾಗಿಲಿನಷ್ಟು ಎತ್ತರದ ಬಿಳಿಯ ಫ್ಲೆಕ್ಸ್, ನಟ್ಟನಡುವೆ ಅಂಗೈಯಗಲದ ಮುಖ. ಅಂತ್ಯಕ್ರಿಯೆಯ ಶನಿವಾರ ಬಂದವರೆಲ್ಲ ದೂರದಿಂದ ಹುಬ್ಬು ಗಂಟಿಕ್ಕಿ, ಇದೇನು ಮುದ್ರಣ ತಪ್ಪಿತೇ ಎಂದು ಹತ್ತಿರ ಹೋಗುತ್ತಿದ್ದರು. ಮೂಗು ತಾಗುವಷ್ಟು ಹತ್ತಿರ ಹೋದವರು ಬೆಚ್ಚಿ, ನಕ್ಕು, ಆಮೇಲೆ ಕಣ್ಣೊರೆಸಿಕೊಂಡು ಕುರ್ಚಿಗೆ ಮರಳುತ್ತಿದ್ದರು. ಅಂಪೊಫೊ ಎರಡು ಸಲ ಹೋಗಿ ಬಂದ. ಎರಡನೆಯ ಸಲ ಬಂದು ಸರ್ಪೋಂಗ್‌ನ ಪಕ್ಕ ನಿಂತ. “ಸೋಮವಾರ ಮೊದಲು ಆ ವಿದ್ಯುತ್ ಕಚೇರಿ ಹೆಂಗಸಿನ ಕಾಲಿಗೆ ಬೀಳು. ಆಮೇಲೆ ಏಣಿ ತಗೊಂಡು ಗೋಡೆ ಗೋಡೆ ಸುತ್ತು. ಕಳೆದಿರೋ ಒಂದೊಂದು ಮುಖನೂ ಫೋಟೊ ಹೊಡ್ಕೊಂಡು ವಾಪಸ್ ತರಬೇಕು. ನಾನೂರೂ ಬರೋವರೆಗೆ ನಿನ್ನನ್ನ ಬಿಡಲ್ಲ.”

ಸೋಮವಾರ ಕಚೇರಿಯಲ್ಲಿ ಮಂಗಳಾರತಿ ಮಾಡಿಸಿಕೊಂಡು, ಹೆಗಲ ಮೇಲೆ ಏಣಿ ಹೊತ್ತು ಅವನು ಮೈದಾನದ ಪಕ್ಕ ಹಾದ. ಅಮ್ಮನ ಜಾಗದಲ್ಲಿ ಕೊನಾದು ಗಂಜಿ ಹಾಕುತ್ತಿದ್ದಳು. ಬೆಂಚಿನ ಹಿಂದಿನ ಗೋಡೆಯ ಹಳೆಯ ಪೋಸ್ಟರಿಗೆಂದು ಅವನು ಫೋನ್ ಎತ್ತಿದ್ದೇ, ಅವಳ ಕೈ ತಾನಾಗಿ ಸೌಟನ್ನು ಮುಖಕ್ಕೆ ಅಡ್ಡ ಹಿಡಿಯಿತು.

“ನಿನ್ನದಲ್ಲ, ಗೋಡೇದು” ಎಂದ ಅವನು, ಗಾಬರಿಯಾಗಿ.

ಸೌಟು ಹಾಗೇ ಸ್ವಲ್ಪ ಹೊತ್ತು ನಿಂತಿತ್ತು. ಆಮೇಲೆ ಕೆಳಗಿಳಿಯಿತು. ಕೊನಾದು ಸೊಂಟದ ಬಟ್ಟೆಗೆ ಕೈ ಒರೆಸಿಕೊಂಡು ತನ್ನ ಫೋನನ್ನು ತೆಗೆದು ಅವನ ಕಡೆ ಚಾಚಿದಳು.

“ನನ್ನದೂ ಒಂದು ತೆಗಿ. ಇದರಲ್ಲೇ ತೆಗಿ. ನಿನ್ನ ಕಂಪ್ಯೂಟರ್ ಹತ್ರ ತಗೊಂಡು ಹೋಗಬೇಡ.”

ಸರ್ಪೋಂಗ್ ಏಣಿಯನ್ನು ಗೋಡೆಗೆ ಒರಗಿಸಿ, ಎರಡೂ ಕೈಯಲ್ಲಿ ಫೋನ್ ಹಿಡಿದುಕೊಂಡ.

“ನಗಬೇಡ” ಎಂದ.