ಹೆಸರಿಲ್ಲದವರಿಗೊಂದು ಹಾಳೆ

2005ರಲ್ಲಿ ನಾನು ದೋಹಾದ ಒಂದು ಪ್ರಿಂಟಿಂಗ್ ಪ್ರೆಸ್ಸಿನಲ್ಲಿ ಪ್ರೊಡಕ್ಷನ್ ಸೂಪರ್‌ವೈಸರ್ ಆಗಿದ್ದೆ. ಕ್ಯಾಲೆಂಡರ್, ಬ್ರೋಷರುಗಳಲ್ಲೇ ಮುಳುಗಿರುತ್ತಿದ್ದ ನಮ್ಮಲ್ಲಿಗೆ ಆ ವರ್ಷ ಯುದ್ಧದ ಪುಸ್ತಕವೊಂದು ಬಂತು. ತಂದವರು ಮೆಸಯೀದಿನ ಕಾರ್ಖಾನೆಯೊಂದರಲ್ಲಿ ಎಂಜಿನಿಯರ್ ಆಗಿದ್ದ ಪಿಯೇರ್ ಎಂಬ ಫ್ರೆಂಚರು. ಎಂಬತ್ತು ದಾಟಿದ ಅವರ ತಂದೆ, 1940ರಲ್ಲಿ ತಾವು ಕಾದಾಡಿದ ಕಾಲಾಳು ಡಿವಿಷನ್ನಿನ ಚರಿತ್ರೆ ಬರೆದಿದ್ದರು. ಡಿವಿಷನ್ ಎಂದರೆ ಹಲವು ರೆಜಿಮೆಂಟುಗಳು ಸೇರಿದ ದೊಡ್ಡ ಪಡೆ. ದೋಹಾದ ಅಲ್ ಅಜೀಜಿಯಾ ಬಡಾವಣೆಯಲ್ಲಿ ಮಗನ ಜೊತೆಗಿದ್ದ ಮುದುಕರು ಹೃದಯದ ಆಪರೇಷನ್ನಿಗೆಂದು ಶನಿವಾರ ಫ್ರಾನ್ಸಿಗೆ ಹೊರಡುವವರಿದ್ದರು. ಬದುಕಿ ಬರುವ ಭರವಸೆಯನ್ನು ಡಾಕ್ಟರರೂ ಕೊಟ್ಟಿರಲಿಲ್ಲ. ಅಷ್ಟರೊಳಗೆ ಪುಸ್ತಕ ಅವರ ಕೈಸೇರಬೇಕಿತ್ತು.

ಪುಸ್ತಕದ ಕೊನೆಯಲ್ಲಿ ಅವರ ಕಂಪನಿಯಲ್ಲಿ, ಅಂದರೆ ಅವರಿದ್ದ ಸೈನಿಕ ತುಕಡಿಯಲ್ಲಿ, ಮಡಿದವರ ಹೆಸರುಗಳಿದ್ದವು. ಪ್ರೂಫ್ ನೋಡಿದ ಮುದುಕರು ಅಚ್ಚಿಗೆ ಒಪ್ಪಿಗೆಯ ಸಹಿ ಹಾಕಲಿಲ್ಲ. ಕಡೆಯ ದಿನಗಳಲ್ಲಿ ಅವರ ಪಕ್ಕದಲ್ಲೇ ನಿಂತು ಕಾದಿದ ಆಫ್ರಿಕದ ಸೈನಿಕರನ್ನು, ಶರಣಾದ ಮೇಲೆ ಜರ್ಮನರು ಬೇರೆಯಾಗಿ ನಿಲ್ಲಿಸಿ ಗುಂಡಿಕ್ಕಿ ಕೊಂದಿದ್ದರಂತೆ. ಬೇರೆ ಬೇರೆ ತುಕಡಿಗಳಿಂದ ಚದುರಿ ಬಂದಿದ್ದ ಅವರ ಹೆಸರುಗಳು ಎಷ್ಟು ಹುಡುಕಿದರೂ ಸಿಕ್ಕಿರಲಿಲ್ಲ. ಅವರನ್ನು ಬಿಟ್ಟು ಅಚ್ಚು ಹಾಕುವುದಾದರೆ ಪುಸ್ತಕವೇ ಬೇಡ ಎಂದು ಮುದುಕರು ಹಟ ಹಿಡಿದರು. ಮಗ ತಲೆಯ ಮೇಲೆ ಕೈಹೊತ್ತು ಕೂತರು.

ನನಗೆ ತುಳುನಾಡಿನ ನಮ್ಮ ಮನೆಯ, ಮಳೆಗಾಲದ ಆಟಿ ತಿಂಗಳು ನೆನಪಾಯಿತು. ತೀರಿಕೊಂಡವರಿಗೆ ಎಲೆ ಹಾಕಿ ಬಡಿಸುವಾಗ, ಹೆಸರು ಮರೆತುಹೋದ ಹಿರಿಯರಿಗೆಂದು ಅಜ್ಜಿ ಒಂದು ಎಲೆ ಹೆಚ್ಚು ಹಾಕುತ್ತಿದ್ದರು. ಅದನ್ನು ಹೇಳಿ, ಹೆಸರುಗಳ ನಂತರ ಒಂದು ಹಾಳೆ ಖಾಲಿ ಬಿಡೋಣವೇ ಎಂದು ಕೇಳಿದೆ. ಮಗ ಫ್ರೆಂಚಿನಲ್ಲಿ ತಿಳಿಸಿದರು. ಮುದುಕರು ಪ್ರೂಫನ್ನು ಹತ್ತಿರಕ್ಕೆಳೆದುಕೊಂಡು ಸಹಿ ಹಾಕಿದರು.

ಗುರುವಾರ ಸಂಜೆ ಬೈಂಡಿಂಗ್ ಮುಗಿದ ಪ್ರತಿ ತೆರೆದರೆ ಆ ಹಾಳೆಯೇ ಇಲ್ಲ. ಬೈಂಡರನ್ನು ಕರೆದು ಕೇಳಿದೆ. ಅವನು ಹನೀಫ್, ಪುತ್ತೂರಿನ ಬ್ಯಾರಿ, ಕೆಲಸದಲ್ಲಿ ಬಲು ಅಚ್ಚುಕಟ್ಟು.

“ಖಾಲಿ ಪೇಜ್ ಹೋದ್ರೆ ಕಸ್ಟಮರ್ ಬೈತಾರಲ್ಲ ಮಾರಾಯ್ರೆ. ಅದಕ್ಕೇ ಎಲ್ಲದ್ರಿಂದ ತೆಗ್ದೆ,” ಎಂದ.

ಅವನನ್ನು ಬೈಯುವಂತಿರಲಿಲ್ಲ. ಅಚ್ಚಿನವರ ಕಣ್ಣಿಗೆ ಖಾಲಿ ಪುಟವೆಂದರೆ ಮಷಿನ್ ತಪ್ಪಿಸಿದ ಪುಟ, ಹಾಗೆ ಕಲಿಸಿದವರೂ ನಾವೇ. ಆ ಹಾಳೆ ಯಾರಿಗಾಗಿ ಇತ್ತೆಂದು ಹೇಳಿದೆ. ಹನೀಫನ ಮುಖ ಬಾಡಿತು.

“ನಾಳೆ ರಜೆ ಬೇಡ. ಜುಮಾ ನಮಾಜ್ ಮುಗಿಸಿ ಬರ್ತೇನೆ, ಕೈಯಲ್ಲೇ ಅಂಟಿಸುವ,” ಎಂದ.

ತೆಗೆದ ಹಾಳೆಗಳು ಆಗಲೇ ರದ್ದಿಗೆ ಹೋಗಿದ್ದವು, ಪುಸ್ತಕಕ್ಕೆ ಬಳಸಿದ ಹೊಳಪಿನ ಆರ್ಟ್ ಪೇಪರ್ ಮುಗಿದಿತ್ತು. ಉಳಿದಿದ್ದ ಸಾದಾ ಕಾಗದವನ್ನೇ ಕತ್ತರಿಸಿ, ಶುಕ್ರವಾರ ಇಬ್ಬರೂ ಒಂದೊಂದೇ ಪ್ರತಿಗೆ ಅಂಟಿಸಿದೆವು.

ಸಂಜೆ ಅಲ್ ಅಜೀಜಿಯಾಕ್ಕೆ ಇಬ್ಬರೂ ಹೋದೆವು. ಕೊನೆಯ ಹಾಳೆ ಬೇರೆ ಕಾಗದವೆಂದು ನಾನು ಕ್ಷಮೆ ಕೇಳುತ್ತಿದ್ದಂತೆ ಮುದುಕರು ಅದರ ಮೇಲೆ ಬೆರಳಾಡಿಸಿ, ಮಗನಿಂದ ಪೆನ್ನು ಇಸಿದುಕೊಂಡು ಒಂದೇ ಒಂದು ಪದ ಬರೆದರು. ಹೊಳಪಿನ ಕಾಗದವಾಗಿದ್ದರೆ ಆ ಶಾಯಿ ಇಂಗದೆ ಅಳಿಸಿಹೋಗುತ್ತಿತ್ತು.

“ಮಾಮದು,” ಎಂದು ಪಿಯೇರ್ ಓದಿದರು. ಆ ಆಫ್ರಿಕದ ಸೈನಿಕರಲ್ಲೊಬ್ಬ, ಗಾಯಗೊಂಡ ತಂದೆಗೆ ತನ್ನ ಪಾಲಿನ ನೀರು ಕುಡಿಸಿದ್ದನಂತೆ. ಮನೆತನದ ಹೆಸರು ತಂದೆಗೂ ತಿಳಿಯದು. ಮಗ ಅದನ್ನು ಕೇಳಿದ್ದು ಅಂದೇ ಮೊದಲು.

ಆಪರೇಷನ್ನಿನ ಬಳಿಕ ಮುದುಕರು ಕಣ್ಣು ತೆರೆಯಲಿಲ್ಲ. ಸುದ್ದಿ ತಿಳಿಸಿದಾಗ ಹನೀಫ್ ಮಷಿನ್ ನಿಲ್ಲಿಸಿದ. ಮುಂದೆ ನಾನು ನಿವೃತ್ತನಾಗುವವರೆಗೂ ನಮ್ಮ ಬೈಂಡಿಂಗ್ ವಿಭಾಗದಲ್ಲಿ ಖಾಲಿ ಹಾಳೆ ಕಂಡರೆ ಯಾರೂ ಕೀಳುತ್ತಿರಲಿಲ್ಲ. ಇದು ಯಾರಿಗೆ ಎಂದು ಮೊದಲು ಕೇಳುತ್ತಿದ್ದರು.