ಚಿಲಕ ಹಾಕದ ಸಂಗಮೇಶ

ಸಂಗಮೇಶ ಪುಕ್ಕಲ. ಇದರಲ್ಲಿ ನನಗೆ ಸಂಶಯವಿರಲಿಲ್ಲ. ಬಿಳೇಕಹಳ್ಳಿಯಲ್ಲಿ ನಮ್ಮ ಮಹಡಿಯ ಮೇಲೆ ಬಾಡಿಗೆಗಿದ್ದಷ್ಟು ಕಾಲವೂ ಅವನು ಬಚ್ಚಲುಮನೆಯ ಚಿಲಕ ಹಾಕಿದವನಲ್ಲ. ಒಳಗಿದ್ದೇನೆಂದು ಹೆಂಡತಿಗೆ ತಿಳಿಯಲಿ ಎಂದು ಕೆಮ್ಮುತ್ತಿದ್ದ; ಆ ಕೆಮ್ಮು ಕೆಳಗೆ ನಮ್ಮ ಅಡುಗೆಮನೆಗೂ ಕೇಳುತ್ತಿತ್ತು. ಲಿಫ್ಟ್ ಹತ್ತುತ್ತಿರಲಿಲ್ಲ. ಯಾಕೆಂದು ಕೇಳಿದರೆ, "ಸಣ್ಣಾವಿದ್ದಾಗ ಊರಾಗ ಹಗೇವಿನಾಗ ಇಳಿದಿದ್ದೆರಿ" ಎಂದು ಶುರುಮಾಡಿ ಅಲ್ಲಿಗೇ ನಿಲ್ಲಿಸುತ್ತಿದ್ದ. ಹಗೇವು ಎಂದರೆ ಜೋಳ ತುಂಬಿ ಬಾಯಿ ಮುಚ್ಚುವ ನೆಲದಡಿಯ ಗುಂಡಿ.

ಅವನಿದ್ದ ಜೆ.ಪಿ. ನಗರದ ಕಂಪನಿಗೆ ಎರಡು ವ್ಯಾಪಾರ. ಒಂದು, ರೈಲ್ವೆ ಸಿಗ್ನಲ್ ನಡೆಸುವ ಯಂತ್ರಗಳು. ಇನ್ನೊಂದು, ಬೆರಳಿನ ಗುರುತು ನೋಡಿ ತೆರೆಯುವ ಬಾಗಿಲುಗಳು. ಸಂಗಮೇಶ ಪಳಗಿದ್ದು ರೈಲ್ವೆ ವಿಭಾಗದಲ್ಲಿ. ಏನೇ ಕೆಟ್ಟರೂ, ಕರೆಂಟು ಹೋದರೂ, ಸಿಗ್ನಲ್ ಕೆಂಪಾಗಬೇಕು. ಅಲ್ಲಿನ ಮೊದಲ ಪಾಠ ಇದು. ೨೦೦೩ರಲ್ಲಿ ಅವನನ್ನು ಬೆರಳಿನ ವಿಭಾಗಕ್ಕೆ ಹಾಕಿದರು. ಅವನು ಅದೇ ಪಾಠವನ್ನು ಬಾಗಿಲಿಗೂ ಅಳವಡಿಸಿದ. ಕರೆಂಟು ಹೋದರೆ ಬಾಗಿಲು ಮುಚ್ಚಿಕೊಂಡೇ ಇರುವಂತೆ ಜೋಡಿಸಿ, ಕಂಪನಿಯ ಬ್ಯಾಟರಿ ಕೋಣೆಗೇ ಮೊದಲು ಹಾಕಿಸಿದ. ರೈಲು ನಿಂತರೆ ಜನ ಉಳಿಯುತ್ತಾರೆ, ಬಾಗಿಲು ಮುಚ್ಚಿ ನಿಂತರೆ ಒಳಗಿದ್ದವರು ಉಳಿಯುವುದಿಲ್ಲ ಎಂಬುದು ಅವನಿಗೆ ಹೊಳೆಯಲಿಲ್ಲ. ಅವನ ಮೇಲಧಿಕಾರಿ ಶರಣ್‌ಗೂ ಹೊಳೆಯಲಿಲ್ಲ.

ಬೆಳಿಗ್ಗೆ ನಮ್ಮ ಮನೆಯ ಪಾತ್ರೆ ತೊಳೆದು ಆಮೇಲೆ ಆ ಕಂಪನಿಯಲ್ಲಿ ಕಸ ಗುಡಿಸಲು ಹೋಗುತ್ತಿದ್ದ ಮುನಿಯಕ್ಕ ಆ ಕೋಣೆಯೊಳಗಿದ್ದಾಗ ಒಂದು ದಿನ ಕರೆಂಟು ಹೋಯಿತು. ಕಿಟಕಿಯಿಲ್ಲದ ಕೋಣೆ. ಯಾವುದೋ ಬ್ಯಾಟರಿ ಬಿಸಿಯೇರಿ ಬಾಗಿಲ ಸಂದಿಯಿಂದ ಸುಟ್ಟ ವಾಸನೆ ಬರತೊಡಗಿತು. ಒಳಗಿನಿಂದ ಅವಳು ಬಾಗಿಲು ಬಡಿಯುತ್ತಿದ್ದಳು. ಮೊದಲು ಅಂಗೈಯಿಂದ, ಆಮೇಲೆ ಪೊರಕೆಯ ಹಿಡಿಯಿಂದ, ಆಮೇಲೆ ಬಿಟ್ಟು ಬಿಟ್ಟು. ಹೊರಗಿನಿಂದ ಬೀಗ ಬಿಚ್ಚಲು ಹೊರಟ ಸಂಗಮೇಶನ ಕೈಯಿಂದ ಸ್ಕ್ರೂಡ್ರೈವರ್ ಜಾರಿಬಿತ್ತು. ಅವನು ಗೋಡೆಗೆ ಒರಗಿ ಕುಸಿದ. ಕಾವಲಿನ ಗಂಗಯ್ಯ ಹಾರೆ ತಂದು ಬಾಗಿಲ ಕೀಲು ಕಿತ್ತ. ಮುನಿಯಕ್ಕ ಪೊರಕೆ ಹಿಡಿದೇ ಹೊರಬಂದಳು.

ಬಾಗಿಲನ್ನು ಮತ್ತೆ ಕೂರಿಸಿದ ಮೇಲೆ ಸಂಗಮೇಶ ಬೀಗದ ವೈರಿಂಗನ್ನು ತಿರುವುಮುರುವು ಮಾಡಿದ. ಇನ್ನು ಕರೆಂಟು ಹೋದರೆ ಬಾಗಿಲು ತಾನಾಗಿ ಬಿಟ್ಟುಕೊಳ್ಳಬೇಕು. ಆದರೆ ಮುನಿಯಕ್ಕ ಆ ಕೋಣೆಗೆ ಕಾಲಿಡಲು ಒಪ್ಪಲಿಲ್ಲ.

"ನಿಮ್ ಕೆಲ್ಸಾನೇ ಬೇಡ ಸಾರ್. ಮನೇಲಿ ಮಕ್ಳಿದಾವೆ."

"ಈಗ ಸರಿಯಾಗಿದೆ ಕಣಮ್ಮ," ಎಂದ ಶರಣ್. "ನೀನೇ ಒಳಗೆ ಹೋಗಿ ನಿಂತ್ಕೋ, ನಾವು ಮೇನ್ ಆಫ್ ಮಾಡ್ತೀವಿ. ಟೆಸ್ಟೂ ಆಯ್ತು, ನಿನ್ ಭಯಾನೂ ಹೋಯ್ತು. ಇಲ್ಲಾಂದ್ರೆ ನಾಳೆಯಿಂದ ಬರ್ಬೇಡ."

"ಒಳ್ಳೇದಾಯ್ತಲ್ಲ," ಎಂದಳು ಮುನಿಯಕ್ಕ. "ಇಲಿ ಬೋನಿಗೆ ಇಲಿಯಿಂದ್ಲೇ ಟೆಸ್ಟು."

ಗಂಗಯ್ಯ ನಕ್ಕ. ಶರಣ್ ನಗಲಿಲ್ಲ. ಅವಳು ಪೊರಕೆ ಕೆಳಗಿಟ್ಟು ಹೊರಡಲು ತಿರುಗಿದಳು. ಮುಂದಿನದನ್ನು ನನಗೆ ಹೇಳಿದವಳು ಅವಳೇ. ಅವಳಿಗೆ ಉಪ್ಪುಖಾರ ಹಚ್ಚುವ ಚಾಳಿಯಿಲ್ಲ.

"ಯಕ್ಕಾ, ತಡೀರಿ," ಎಂದ ಸಂಗಮೇಶ. ಅವನ ಅಂಗಿ ಬೆನ್ನಿಗೆ ಅಂಟಿತ್ತು. "ಒಳಗ ನಾ ಹೋಗತೀನಿ. ಮೇನ್ ನೀವ ತಗೀರಿ."

"ನಾನಾ? ನಂಗೇನ್ ಗೊತ್ತಣ್ಣ ಅದೆಲ್ಲ?"

"ಕೆಂಪು ಹಿಡಿಕಿ ಐತಲ್ಲ, ಕೆಳಗ ಎಳೀರಿ. ಅಷ್ಟರಿ."

ಬೆರಳಿಟ್ಟು ಬಾಗಿಲು ತೆರೆದು, ಒಳಹೋಗಿ, ಮುಚ್ಚಿಕೊಂಡ. ಒಳಗಿನಿಂದ ಕೆಮ್ಮು ಕೇಳಿತು. ಮುನಿಯಕ್ಕ ಎರಡೂ ಕೈಯಲ್ಲಿ ಹಿಡಿಕೆ ಎಳೆದಳು. ದೀಪ ಆರಿತು. ಏನೂ ಆಗಲಿಲ್ಲ. ಕೆಮ್ಮೂ ನಿಂತಿತು. ಗಂಗಯ್ಯ ಹಾರೆಗೆ ಕೈಹಾಕಿದ. ಆಮೇಲೆ ಟಪ್ ಎಂದು ಸದ್ದಾಗಿ ಬಾಗಿಲು ಒಂದು ಬೆರಳಗಲ ಸರಿಯಿತು.

ಅವನು ಓಡಿ ಹೊರಬರುತ್ತಾನೆಂದು ಎಲ್ಲರೂ ಕಾದರು. ಆ ಸಂದಿಯಲ್ಲಿ ಅವನ ಬೆರಳುಗಳಷ್ಟೇ ಕಂಡವು. ಅವು ಬಾಗಿಲನ್ನು ಮತ್ತೆ ಒಳಗೆಳೆದುಕೊಂಡವು.

"ಬಾಗಲಾ ಬಿಡಾಕ ತಡಾ ಆತು," ಎಂದಿತು ಧ್ವನಿ. "ಇನ್ನೊಮ್ಮಿ ಹಾಕಿ ತಗೀರಿ, ಯಕ್ಕಾ."